ಒಂದು ಮುಟ್ಟಾಳೆ ಉಂಟಾ?

ಈಚೆಗೆ ನಾಟಕವೊಂದಕ್ಕೆ ಬೇಕೆಂದು ಮೂಡುಬಿದಿರೆ ಪೇಟೆಯಲ್ಲೆಲ್ಲ ಹುಡುಕಿದರೂ ನನಗೆ ಒಂದು ಮುಟ್ಟಾಳೆ ಸಿಗಲಿಲ್ಲ. ಅಡಿಕೆ ಹಾಳೆಯಿಂದ ಮಾಡಿದ ಆ ಟೋಪಿ ಒಂದು ಕಾಲದಲ್ಲಿ ನಮ್ಮ ಕಡೆ ಗದ್ದೆಗಿಳಿಯುವ ಪ್ರತಿ ಗಂಡಸಿನ ತಲೆಯ ಮೇಲೂ ಇರುತ್ತಿತ್ತು. ಅಂಗಡಿಯವನು ಕ್ರಿಕೆಟ್ ಟೋಪಿ ತೋರಿಸಿ, "ಇದು ಆದೀತಾ?" ಎಂದ. ನನಗೆ ನಗು ಬಂತು. ಹಿಂದೊಮ್ಮೆ ಮುಟ್ಟಾಳೆ ಕೇಳಿದ ದಿನ ನೆನಪಾಯಿತು.

ಅರವತ್ತರ ದಶಕದ ಆರಂಭವಿರಬೇಕು. ಪಾಣೆಮಂಗಳೂರಿನ ಹತ್ತಿರದ ಶಾಲೆಯೊಂದರ ವಾರ್ಷಿಕೋತ್ಸವದಲ್ಲಿ ಮಧ್ಯಾಹ್ನ ನಮ್ಮ ನಾಟಕವಿತ್ತು. ನನ್ನದು ಉಳುವವನ ಪಾತ್ರ. ಧಣಿಯ ಎದುರು ಬಂದ ಕೂಡಲೇ ಮುಟ್ಟಾಳೆ ತೆಗೆದು ಕೈಮುಗಿಯಬೇಕು. ತಲೆ ಮುಟ್ಟಿ ನೋಡಿದರೆ ಖಾಲಿ! ಮುಟ್ಟಾಳೆ ಬಸ್ಸಿನಲ್ಲೇ ಉಳಿದಿತ್ತು. ಗಾಬರಿಯಲ್ಲಿ ಆಡಬೇಕಾದ ಮಾತೂ ಮರೆತುಹೋಯಿತು. ಜನರತ್ತ ತಿರುಗಿ, "ಯಾರಲ್ಲಾದರೂ ಒಂದು ಮುಟ್ಟಾಳೆ ಉಂಟಾ?" ಎಂದು ಕೇಳಿಯೇಬಿಟ್ಟೆ.

ಹತ್ತಿಪ್ಪತ್ತು ಮುಟ್ಟಾಳೆಗಳು ಒಟ್ಟಿಗೆ ಹಾರಿಬಂದವು. ಒಂದು, ಧಣಿಯಾಗಿ ಕುಳಿತಿದ್ದ ಕನ್ನಡ ಮೇಷ್ಟ್ರ ಮೂಗಿಗೇ ಬಡಿಯಿತು. ಅವರು ಪಾತ್ರ ಮರೆತು ಎದ್ದು ನಿಂತು, "ಸಾಕು ಮಾರಾಯ್ರೇ, ಇವನಿಗೆ ಇರುವುದು ಒಂದೇ ತಲೆ!" ಎಂದು ಕೂಗಿದರು. ಆ ಮಾತಿಗೆ ಬಿದ್ದಷ್ಟು ಚಪ್ಪಾಳೆ ಇಡೀ ನಾಟಕಕ್ಕೆ ಬೀಳಲಿಲ್ಲ.

ಆಟ ಮುಗಿದ ಮೇಲೆ ಎಲ್ಲರೂ ತಮ್ಮ ತಮ್ಮದನ್ನು ಹುಡುಕಿಕೊಳ್ಳಲು ರಂಗ ಹತ್ತಿದರು. ಕೊನೆಗೆ ಬಂದ ಅಜ್ಜನೊಬ್ಬ, ಉಳಿದಿದ್ದ ಒಂದೇ ಒಂದನ್ನು ತಲೆಗಿಟ್ಟು ನೋಡಿ, "ನನ್ನದು ಇದಲ್ಲ. ಆದರೆ ನನ್ನದಕ್ಕಿಂತ ಹೊಸತು ಉಂಟು" ಎಂದು ಸರಸರನೆ ಇಳಿದು ನಡೆದೇಬಿಟ್ಟ.