ಚಿತ್ತಪ್ಪ ಕೈ ಎತ್ತಿದ ದಿನ

ಜಗಳೂರು ತಾಲ್ಲೂಕಿನ ಸೊಕ್ಕೆಯ ಚಿತ್ತಪ್ಪ ಕಬಡ್ಡಿ ಕಲಿತದ್ದು ಜೋಳದ ಕಣದಲ್ಲಿ. ಸುಗ್ಗಿ ಮುಗಿದ ಮೇಲಿನ ಆ ಗಟ್ಟಿ ನೆಲದ ಮೇಲೆ ಬಿದ್ದರೆ ಮೊಣಕೈ ಸುಲಿಯುತ್ತಿತ್ತು. ನಮ್ಮ ಪ್ರೌಢಶಾಲೆಗೆ ಬಂದಾಗ ಅವನ ಎರಡೂ ಮೊಣಕೈಗಳಲ್ಲಿ ಕಪ್ಪು ಕಲೆಗಳಿದ್ದವು. ಎಡಮೂಲೆಯಲ್ಲಿ ನಿಂತು ಎದುರಾಳಿಯ ಪಾದ ಹಿಡಿಯುವುದು ಅವನ ಕೆಲಸ. ಹಿಡಿದ ಪಾದವನ್ನು ಅವನು ಬಿಟ್ಟದ್ದು ನನಗೆ ನೆನಪಿಲ್ಲ.

"ಎಮ್ಮೆ ಕಾಲು ಕಟ್ಟಂದ್ರೆ ಬರಲ್ಲ, ಮಂದಿ ಕಾಲು ಹಿಡಿಯಾಕೆ ಮುಂದು ನನ್ನ ಮಗ" ಎಂದು ಅವನ ತಾಯಿ ಕಲ್ಲಮ್ಮ ನನ್ನೆದುರೇ ಹಂಗಿಸಿದ್ದಳು. ಆದರೂ ಪಂದ್ಯವಿದ್ದ ದಿನ ಎರಡು ರೊಟ್ಟಿ ಹೆಚ್ಚು ಕಟ್ಟುತ್ತಿದ್ದಳು.

ನಾನು ಕನ್ನಡದ ಮೇಷ್ಟ್ರು. ವ್ಯಾಯಾಮ ಶಿಕ್ಷಕರಿಲ್ಲದ ಶಾಲೆಯಾದ್ದರಿಂದ ತಂಡದ ಹೊಣೆಯೂ ನನ್ನ ಮೇಲೆಯೇ ಇತ್ತು. ೧೯೯೯ರಲ್ಲಿ ನಮ್ಮ ಹುಡುಗರು ಜಿಲ್ಲಾ ಮಟ್ಟದ ಅಂತಿಮ ಪಂದ್ಯಕ್ಕೆ ಬಂದರು. ಎದುರಿಗೆ ಚನ್ನಗಿರಿ ಕಡೆಯ ತಂಡ. ಅಂಕಗಳು ಸಮವಾಗಿದ್ದವು. ಕೊನೆಯ ದಾಳಿಗೆ ಬಂದ ಅವರ ಹುಡುಗ ಕಾಲು ಬೀಸಿ ಬರಿಗೈಯಲ್ಲಿ ಹಿಂದಿರುಗಿದನೆಂದೇ ಎಲ್ಲರೂ ತಿಳಿದೆವು. ತೀರ್ಪುಗಾರರೂ ಅಂಕವಿಲ್ಲವೆಂದು ಕೈಯಾಡಿಸಿದರು. ಆಗ ಚಿತ್ತಪ್ಪ ಕೈ ಎತ್ತಿದ.

"ನನಗೆ ತಾಗೈತೆ ಸಾರ್, ಹಿಮ್ಮಡಿಗೆ" ಎಂದು ಹೇಳಿ, ತಾನೇ ಗೆರೆ ದಾಟಿ ಹೊರಗೆ ಬಂದ. ನಾವು ಒಂದು ಅಂಕದಿಂದ ಸೋತೆವು.

ನಾನು ಅವನ ಕೆನ್ನೆಗೆ ಹೊಡೆದೆ. ಎರಡು ಶಾಲೆಗಳ ಮಕ್ಕಳು ನೋಡುತ್ತಿದ್ದರು. "ಸೀಟಿ ಊದೋದು ನಿನ್ನ ಕೆಲಸವೇನೋ?" ಎಂದು ಕೂಗಿದೆ. ಅದೇ ವಾರ ತರಗತಿಯಲ್ಲಿ ಸತ್ಯದ ಮೇಲೆ ಪ್ರಬಂಧ ಬರೆಸಿದ್ದೆ. ಅವನದಕ್ಕೆ ಹತ್ತಕ್ಕೆ ಏಳು ಕೊಟ್ಟಿದ್ದೆ.

ಹತ್ತನೆಯ ತರಗತಿ ಮುಗಿಸಿ ಅವನು ಚನ್ನಗಿರಿಯ ಅಡಿಕೆ ಮಂಡಿಯಲ್ಲಿ ಹಮಾಲಿಗೆ ಸೇರಿದ. ಹಗಲು ಚೀಲ ಹೊರುತ್ತಿದ್ದ, ಸಂಜೆ ಅಲ್ಲಿನ ತಂಡದಲ್ಲಿ ಆಡುತ್ತಿದ್ದ. ಎಂಟು ವರ್ಷ ಅವನಿಲ್ಲದೆ ಆ ತಂಡ ಯಾವ ಊರಿಗೂ ಆಡಲು ಹೋಗಲಿಲ್ಲ. ಆದರೆ ಅವನ ಹೆಸರು ಇನ್ನೊಂದಕ್ಕೂ ಪ್ರಸಿದ್ಧವಾಯಿತು. "ಚಿತ್ತಪ್ಪನ ಬೆನ್ನ ಮೇಲೆ ಗುದ್ದಿದರೂ ಮುಟ್ಟಿಲ್ಲ ಅಂತಾನೆ" ಎಂದು ಜನ ನಗುತ್ತಿದ್ದರು. ಆ ಮಾತು ನನ್ನ ಕಿವಿಗೂ ಬಿದ್ದಿತ್ತು. ನಾನೂ ನಕ್ಕುಬಿಟ್ಟಿದ್ದೆ.

೨೦೦೮ರಲ್ಲಿ ಹೊನ್ನಾಳಿಯ ಪಂದ್ಯದಲ್ಲಿ ಎದುರು ತಂಡದಲ್ಲಿದ್ದ, ಅದೇ ಊರಿನ ಓಂಕಾರ್ ಎಂಬ ಗಾರೆ ಕೆಲಸದ ಹುಡುಗ ಅವನನ್ನು ಮುಟ್ಟಿದ. "ಅಣ್ಣಾ, ತಾಗಿದ್ದು ನಿಂಗೂ ಗೊತ್ತೈತೆ, ಹೇಳಣ್ಣಾ" ಎಂದು ಬೇಡಿದನಂತೆ. ಚಿತ್ತಪ್ಪ ಬಾಯಿ ಬಿಡಲಿಲ್ಲ. ಮುಂದಿನ ದಾಳಿಯಲ್ಲಿ ಸಿಟ್ಟಿನಿಂದ ನುಗ್ಗಿ ಬಂದವನನ್ನು ಇವನು ಎತ್ತಿ ಒಗೆದ. ಓಂಕಾರನ ಭುಜದ ಮೂಳೆ ಮುರಿಯಿತು. ಅವನ ಗಾರೆ ಕೆಲಸವೂ ಅಲ್ಲಿಗೇ ನಿಂತಿತು. ಚಿತ್ತಪ್ಪ ಮತ್ತೆ ಅಂಕಣಕ್ಕಿಳಿಯಲಿಲ್ಲ. ಹೆಂಡತಿ ಸಾವಂತ್ರಮ್ಮನ ತವರಾದ ನ್ಯಾಮತಿಗೆ ಬಂದು ಅಕ್ಕಿ ಗಿರಣಿಯಲ್ಲಿ ಕೆಲಸ ಹಿಡಿದ.

ಇದೆಲ್ಲವನ್ನೂ ಈಚೆಗೆ ನನಗೆ ಹೇಳಿದವನು ಅವನ ಹಳೆಯ ಜೊತೆಗಾರ ಮಾರುತೇಶ್. ಕೇಳಿದ ಮೇಲೆ ನಾನು ಮಾಡಿದ್ದು ತಪ್ಪೆಂದು ಚಿತ್ತಪ್ಪನಿಗೆ ಹೇಳದೆ ಇರುವುದು ನನ್ನಿಂದಾಗಲಿಲ್ಲ. ಕಳೆದ ತಿಂಗಳು ನ್ಯಾಮತಿಗೆ ಹೋದೆ.

ಅವನು ಸಂಜೆ ಹೊತ್ತು ಬಯಲಿನಲ್ಲಿ ಹೆಣ್ಣುಮಕ್ಕಳಿಗೆ ಕಬಡ್ಡಿ ಹೇಳಿಕೊಡುತ್ತಾನೆ. ನಾನು ಹೋದಾಗ ದುರ್ಗಾಂಬಿಕಾ ಎಂಬ ಹುಡುಗಿ ಕೈ ಎತ್ತಿ ನಿಂತಿದ್ದಳು.

"ಯಾಕವ್ವಾ ಕೈ ಎತ್ತಿದಿ?"

"ಲಂಗಕ್ಕೆ ತಾಗಿತ್ತು ಸಾರ್."

"ಸೀಟಿ ಊದೋದು ನಿನ್ನ ಕೆಲಸವೇನು? ಇಳಿಸು ಕೈ!"

ನನ್ನದೇ ಮಾತು. ಅವನು ನನ್ನನ್ನು ಕಂಡು ಓಡಿಬಂದು ಕಾಲು ಮುಟ್ಟಿದ. "ನೋಡ್ರವ್ವಾ, ನಂಗೆ ಆಟ ಕಲಿಸಿದ ಮೇಷ್ಟ್ರು ಇವರೇ. ಒಂದೇ ಏಟು, ಜನ್ಮಕ್ಕಾಗೋವಷ್ಟು ಬುದ್ಧಿ ಬಂತು" ಎಂದ. ಮಕ್ಕಳು ಕಿಸಕ್ಕನೆ ನಕ್ಕರು. ಅವನ ಮಾತಿನಲ್ಲಿ ಕುಹಕವಿರಲಿಲ್ಲ. ಇದ್ದಿದ್ದರೆ ನನಗೆ ಹಗುರಾಗುತ್ತಿತ್ತು.

"ಚಿತ್ತಪ್ಪಾ, ಅವತ್ತು ನೀನು ಮಾಡಿದ್ದೇ ಸರಿ. ಹೊಡೆದ ನಾನೇ ತಪ್ಪಿತಸ್ಥ. ಈ ಮಕ್ಕಳ ಮುಂದೆಯೇ ಹೇಳ್ತಿದ್ದೀನಿ" ಎಂದೆ.

ಅವನ ಮುಖದ ನಗು ಮೆಲ್ಲನೆ ಇಳಿಯಿತು.

"ಈ ಮಾತು ಅವತ್ತೇ ಹೇಳ್ಬೇಕಿತ್ತಲ್ರೀ ಸಾರ್" ಎಂದ. "ನಾನು ಊರಿನ ಮರ್ಯಾದೆ ಕಳೆದೆ ಅಂತ ಇಪ್ಪತ್ತೈದು ವರ್ಷ ತಲೆ ತಗ್ಗಿಸಿದೆ. ನಿಮ್ಮ ಮಾತು ಸರಿ ಅಂತ ತಿಳಿದೇ ಓಂಕಾರನ ಎದುರು ಸುಮ್ಮನೆ ನಿಂತಿದ್ದು. ಈಗ ಅವನ ಭುಜಕ್ಕೆ ಏನು ಹೇಳಾನ?"

ಚಿತ್ತಪ್ಪನ ಕಣ್ಣಲ್ಲಿ ನೀರು ಕಂಡು ಮಕ್ಕಳು ಬೇರೆ ಕಡೆ ನೋಡತೊಡಗಿದರು. ಅವನು ತೋಳಿನಿಂದ ಮುಖ ಒರೆಸಿಕೊಂಡು ದುರ್ಗಾಂಬಿಕಾಳ ಕಡೆ ತಿರುಗಿದ.

"ತಾಗಿದ್ದು ಖರೇನಾ?"

"ಹೂಂ ಸಾರ್."

"ಹಂಗಾದ್ರೆ ಹೊರಗೆ ಕೂತ್ಕ."

ಅವನ ಪಕ್ಕಕ್ಕೆ ಹೋಗಿ ತಗ್ಗಿದ ದನಿಯಲ್ಲಿ, ಓಂಕಾರನ ಮನೆಗೆ ನಾನೂ ಬರುವೆನೆಂದೆ. ಹೊನ್ನಾಳಿಗೆ ಇಲ್ಲಿಂದ ಬಸ್ಸು ಎಷ್ಟು ಹೊತ್ತಿಗೆಂದು ಕೇಳಿದೆ.

"ಅರ್ಧ ಗಂಟೆಗೊಂದು ಐತೆ ಸಾರ್" ಎಂದ, ನನ್ನ ಕಡೆ ನೋಡದೆ. "ನಾನೇ ಹತ್ತಿಲ್ಲ."

ಆಟ ಮುಗಿಯಲು ಇನ್ನೂ ಒಂದು ತಾಸಿತ್ತು. ನಾನು ಬೇವಿನ ಮರದ ಕೆಳಗೆ, ಹೊರಗೆ ಕುಳಿತಿದ್ದ ಹುಡುಗಿಯ ಪಕ್ಕದಲ್ಲಿ ಕುಳಿತು ಕಾದೆ.