ಕೊನೆಯ ಸಾಲಿಗೆ ಕೇಳಿಸುವ ದನಿ

ಬಟ್ಟೆಯಾದರೆ ಎರಡು ಬೆರಳ ನಡುವೆ ಉಜ್ಜಿ ನೋಡಿ, ಎಷ್ಟು ಒಗೆತಕ್ಕೆ ತಡೆದೀತು ಎಂದು ಹೇಳಬಲ್ಲೆ. ನಾಟಕ ಕಂಪನಿಯವರೊಡನೆ ನಮ್ಮ ಬಟ್ಟೆ ಅಂಗಡಿಗೆ ಬಂದ ಆಕೆಯನ್ನೂ ಮೊದಲ ಸಲ ಹಾಗೇ ತೂಗಿ ನೋಡಿದೆ. ಎತ್ತರ ಸಾಧಾರಣ, ಮೈಕಟ್ಟು ಸಾಧಾರಣ, ಮುಖವೋ ಬೀದಿ ದಾಟುವಷ್ಟರಲ್ಲಿ ಮರೆತುಹೋಗುವಂಥದು. ಅಂಗಡಿಯ ಮುಂದೆ ತೂಗುಹಾಕುವ ಮಾಲಲ್ಲ, ಒಳಗಿನ ಕಪಾಟಿನದು ಎಂದುಕೊಂಡೆ.

ಅಂದು ಸಂಜೆ ಆಕೆಯ ನಾಟಕಕ್ಕೆ ಹೋದೆ. ರಂಗದ ಪರದೆಗೆ ಬಟ್ಟೆ ಕೊಟ್ಟವನೆಂದು ಬಿಟ್ಟಿ ಪಾಸು ಸಿಕ್ಕಿತ್ತು. ಮೊದಲ ಅಂಕದಲ್ಲಿ ರಾಣಿ, ಆಮೇಲೆ ಭಿಕ್ಷುಕಿ, ಕೊನೆಗೆ ಮೀಸೆ ಅಂಟಿಸಿಕೊಂಡ ಪೊಲೀಸು. ಎಲ್ಲವೂ ಒಬ್ಬಳೇ ಎಂದು ಪಕ್ಕದವರು ಹೇಳಿದರೆ ನಂಬದೆ ವಾದಕ್ಕೇ ಇಳಿದೆ. ಮರೆತುಹೋಗುವ ಮುಖವೇ ಆಕೆಯ ಬಂಡವಾಳ ಎಂದು ತಿಳಿಯಲು ನನ್ನಂಥ ಜಾಣನಿಗೂ ಇಡೀ ನಾಟಕ ಬೇಕಾಯಿತು.

ನಾಟಕ ಕಂಪನಿಯ ದರ್ಜಿಯ ಮಗಳು ಆಕೆ. ರಾಜಕುಮಾರನ ಪಾತ್ರದ ಹುಡುಗ ಜ್ವರದಿಂದ ಮಲಗಿದಾಗ, ಅವನ ಅಂಗಿಯ ಅಳತೆಗೆ ನಿಲ್ಲಿಸಿದ್ದ ಈಕೆಯನ್ನೇ ರಂಗಕ್ಕೆ ತಳ್ಳಿದರಂತೆ. ಅಂಗಿ ಸರಿಹೊಂದಿತು, ನಟನೆ ಆಮೇಲೆ ಹೊಂದಿತು ಎಂದು ನಗುತ್ತಿದ್ದಳು. ಅಂದಿನಿಂದ ಆಕೆ ಮಾಡದ ಪಾತ್ರವಿಲ್ಲ. ಅತ್ತೆಯಾಗಿ ಬೈದ ನಾಟಕದಲ್ಲೇ ಮರುವಾರ ಸೊಸೆಯಾಗಿ ಬೈಸಿಕೊಂಡವಳು.

ಕಂಪನಿ ಮುಚ್ಚಿತು. ಥಿಯೇಟರು ಗೋದಾಮಾಯಿತು. ಆಗ ಆಕೆಗೆ ಐವತ್ತು ದಾಟಿತ್ತು. ಅದೃಷ್ಟಕ್ಕೆ ಟೀವಿ ಧಾರಾವಾಹಿಯೊಂದರಲ್ಲಿ ಬಟ್ಟೆ ಅಂಗಡಿಯ ಒಡತಿಯ ಪಾತ್ರ ಸಿಕ್ಕಿತು. ಎಡವಟ್ಟಾದದ್ದು ಅಲ್ಲಿಯೇ. ಕೊನೆಯ ಸಾಲಿನಲ್ಲಿ ತೂಕಡಿಸುವವನಿಗೂ ಮಾತು ಮುಟ್ಟಬೇಕೆಂಬುದು ಕಂಪನಿಯ ಮೊದಲ ಪಾಠ. ಆಕೆ "ಬಾಗಿಲು ಹಾಕು" ಎಂದರೆ ಸೌಂಡಿನವನು ಹೆಡ್‌ಫೋನ್ ಕಿತ್ತು ಕಿವಿ ಉಜ್ಜಿಕೊಳ್ಳುತ್ತಿದ್ದ. ನಿರ್ದೇಶಕ ಆಕೆಯ ಮಗನ ವಯಸ್ಸಿನವನು. ಮೊದಮೊದಲು ಮೆತ್ತಗೆ ಹೇಳಿದ.

"ಅಮ್ಮಾ, ಇಲ್ಲಿ ಕೊನೆ ಸಾಲು ಇಲ್ಲ. ಕ್ಯಾಮೆರಾ ನಿಮ್ಮ ಮೂಗಿನ ಹತ್ರಾನೇ ಇದೆ."

ದನಿ ತಗ್ಗಿಸಿದರೆ ಜೀವವೇ ತಗ್ಗಿದಂತಾಗುತ್ತಿತ್ತು. ವಾರದೊಳಗೆ ಸರಿಹೋಗದಿದ್ದರೆ ಬೇರೆಯವರನ್ನು ಕರೆಸುವುದೆಂದು ಮಾತಾಯಿತು. ಇದೂ ಕೈತಪ್ಪಿದರೆ ಆ ವಯಸ್ಸಿನಲ್ಲಿ ಮತ್ತೆ ಕರೆಯುವವರಿರಲಿಲ್ಲ. ಬಣ್ಣದ ಬದುಕೇ ಮುಗಿದಂತೆ.

ಮರುದಿನ ಬೆಳಗ್ಗೆ ಆಕೆ ನಮ್ಮ ಅಂಗಡಿಗೆ ಬಂದು, ಸ್ವಲ್ಪ ಹೊತ್ತು ಕೂತಿರಲೇ ಅಣ್ಣ ಎಂದಳು. ನಾನು ಉತ್ಸಾಹದಿಂದ ವ್ಯಾಪಾರದ ಗುಟ್ಟುಗಳನ್ನೆಲ್ಲ ಹೇಳತೊಡಗಿದೆ. ಆಕೆಯ ತಲೆ ನನ್ನ ಮಾತಿಗೆ ಆಡುತ್ತಿತ್ತು, ಕಣ್ಣು ಮಾತ್ರ ನನ್ನ ಹೆಗಲ ಮೇಲಿಂದ ಹಾದು ನನ್ನ ತಾಯಿಯ ಮೇಲಿತ್ತು.

ಅಪ್ಪ ಹೋದ ಮೇಲೆ ಅಂಗಡಿ ನಡೆಸಿದವಳು ಅಮ್ಮ. ಗಿರಾಕಿ ಚೌಕಾಸಿಗೆ ನಿಂತರೆ ಅವಳು ವಾದಿಸುತ್ತಿರಲಿಲ್ಲ. ಬಿಚ್ಚಿದ ಬಟ್ಟೆಯನ್ನು ಮಡಿಚಲು ಶುರುಮಾಡುತ್ತಿದ್ದಳು, ನಿಧಾನವಾಗಿ, ಅಂಚಿಗೆ ಅಂಚು ಕೂಡಿಸಿ. ಕೊನೆಯ ಮಡಿಕೆ ಬೀಳುವಷ್ಟರಲ್ಲಿ ಗಿರಾಕಿ ತಾನಾಗಿ ದಾರಿಗೆ ಬರುತ್ತಿದ್ದ.

"ಏನಮ್ಮಾ, ಬಟ್ಟೆ ನೋಡ್ತಿದ್ದೀಯೋ, ನನ್ನ ನೋಡ್ತಿದ್ದೀಯೋ?" ಎಂದು ಅಮ್ಮ ಕೇಳಿದಳು.

"ಬಟ್ಟೆ ಇನ್ನೊಂದಿನ ನೋಡ್ತೀನಮ್ಮ."

ಆ ವಾರದ ಕೊನೆಯ ದೃಶ್ಯ: ಮಗ ಅಂಗಡಿ ಮಾರೋಣ ಎನ್ನುತ್ತಾನೆ, ತಾಯಿ ಒಂದು ಪುಟದಷ್ಟು ಬೈಯಬೇಕು. ಸೆಟ್ಟಿನ ಅಲಂಕಾರಕ್ಕೆ ನಮ್ಮ ಅಂಗಡಿಯ ಬಟ್ಟೆಯ ಥಾನುಗಳು ಹೋಗಿದ್ದವು, ಅವುಗಳ ಕಾವಲಿಗೆ ನಾನೂ ಹೋಗಿದ್ದೆ. ಮಗನ ಮಾತು ಮುಗಿಯಿತು. ಆಕೆ ಬೈಯಲಿಲ್ಲ. ಎದುರಿಗೆ ಹರಡಿದ್ದ ಬಟ್ಟೆಯನ್ನು ಎತ್ತಿಕೊಂಡು ಮಡಿಚತೊಡಗಿದಳು. ಅಂಚಿಗೆ ಅಂಚು. ಒಂದೊಂದು ಮಡಿಕೆಗೂ ಮಗನಾಗಿ ನಿಂತಿದ್ದ ನಟನ ತಲೆ ಇಷ್ಟಿಷ್ಟೇ ತಗ್ಗುತ್ತಾ ಹೋಯಿತು, ಅದನ್ನು ಅವನಿಗೆ ಯಾರೂ ಹೇಳಿಕೊಟ್ಟಿರಲಿಲ್ಲ. ನಿರ್ದೇಶಕ ಕಟ್ ಹೇಳುವುದನ್ನೇ ಮರೆತ. ನಾನು ಥಾನುಗಳನ್ನು ಮರೆತೆ.

ಬೇರೆಯವರನ್ನು ಕರೆಸುವ ಮಾತು ಅಲ್ಲಿಗೇ ನಿಂತಿತು. ಆ ದೃಶ್ಯ ಟೀವಿಯಲ್ಲಿ ಬಂದ ದಿನ ಅಮ್ಮ ಕಣ್ಣು ಕೀಲಿಸಿ ನೋಡಿದಳು. ತಾನು ನೋಡುತ್ತಿರುವುದು ತನ್ನನ್ನೇ ಎಂದು ಅವಳಿಗೆ ಹೊಳೆಯಲೇ ಇಲ್ಲ.

"ಈ ಹೆಂಗಸಿಗೆ ವ್ಯಾಪಾರ ಗೊತ್ತು ಕಣೋ," ಎಂದಳು. "ನಿನಗಿಂತ ವಾಸಿ."

ಅಮ್ಮ ತೀರಿಕೊಂಡ ವರ್ಷವೂ ಆ ಧಾರಾವಾಹಿ ನಡೆದೇ ಇತ್ತು. ಮನೆಯಲ್ಲಿ ಅವಳ ಫೋಟೋ ಒಂದಿದೆ, ಕೋಲು ನುಂಗಿದಂತೆ ನಿಂತಿದ್ದಾಳೆ, ಅದು ಅವಳಲ್ಲ. ಟೀವಿಯಲ್ಲಿ ಮಾತ್ರ ಬಟ್ಟೆಯ ಅಂಚು ಕೂಡಿಸುವಾಗ ಆಕೆಯ ಎಡಭುಜ ತುಸು ಇಳಿಯುತ್ತದೆ. ಅಮ್ಮನ ಭುಜ ಹಾಗೆ ಇಳಿಯುತ್ತಿತ್ತೆಂದು, ಅವಳ ಪಕ್ಕದಲ್ಲೇ ಕೂತು ಆಯುಷ್ಯ ಕಳೆದ ನನಗೆ ತಿಳಿದದ್ದು ಆಕೆಯಿಂದ. ತಾಯಿ ಹೋದ ಮೇಲೂ ತಾಯಿಯ ಕೈಗಳನ್ನು ನಾನು ಕಣ್ಣಾರೆ ಕಂಡೆ. ಆಕೆಯ ಆ ಋಣ ನನ್ನ ಮೇಲಿದೆ.