ಶತ್ರುಸೇನೆಯ ಬಣ್ಣದ ಮಾವ

ಮೊನ್ನೆ ಮಗಳ ಬಿಳಿ ಯೂನಿಫಾರ್ಮಿಗೆ ಹೊಸ ಚೂಡಿದಾರದ ಹಸಿರು ಹತ್ತಿಬಿಟ್ಟಿತ್ತು. ಬಿಡಿಸೋಣವೆಂದು ದೊಡ್ಡ ಪಾತ್ರೆಯಲ್ಲಿ ಸೋಡಾ ಹಾಕಿ ನೀರು ಕುದಿಸಿ, ಶರಟನ್ನು ಅದರಲ್ಲಿ ಮುಳುಗಿಸಿ, ಹಳೆಯ ಮರದ ಸೌಟಿನಿಂದ ತಿರುವುತ್ತಾ ನಿಂತಿದ್ದೆ. ಹಬೆ ಮುಖಕ್ಕೆ ಬಂತು. ಒದ್ದೆ ಬಟ್ಟೆ, ಸೋಡಾ, ಬಿಸಿ ಬಣ್ಣ... ಮೂರೂ ಸೇರಿದ, ಚೂರು ಒಗರಾದ ಆ ವಾಸನೆಗೆ ನನ್ನ ಕೈ ಅಲ್ಲೇ ನಿಂತಿತು. ದೇವನಹಳ್ಳಿಯ ಈ ಮೂರನೇ ಮಹಡಿಯ ಅಡುಗೆಮನೆ ಎಲ್ಲೋ ಹೋಯಿತು. ದೊಡ್ಡಬಳ್ಳಾಪುರದ ನಮ್ಮ ಬೀದಿ, ಎದುರುಮನೆಯ ಹಿತ್ತಲು, ಹಬೆಯ ನಡುವೆ ಬೆನ್ನು ಬಗ್ಗಿಸಿ ನಿಂತ ಬಣ್ಣದ ಮಾವ...

ನೆಂಟಸ್ತಿಕೆ ಏನೂ ಇರಲಿಲ್ಲ. ಬೀದಿಯ ಮಕ್ಕಳಿಗೆಲ್ಲ ಅವರು ಮಾವ. ನೂಲಿಗೆ ಬಣ್ಣ ಹಾಕುವುದು ಅವರ ಕೆಲಸ. ಬೀದಿಯ ಎರಡೂ ಸಾಲಿನಲ್ಲಿ ಪವರ್‌ಲೂಮುಗಳು ಬೆಳಗಿನಿಂದ ಸಂಜೆಯವರೆಗೆ ಖಟಖಟ ಅನ್ನುತ್ತಿದ್ದರೆ ಅವರ ಹಿತ್ತಲಲ್ಲಿ ಮಾತ್ರ ಸದ್ದಿರುತ್ತಿರಲಿಲ್ಲ. ದೊಡ್ಡ ದೊಡ್ಡ ಹಂಡೆಗಳು, ಬಿದಿರುಗಳದ ಮೇಲೆ ತೊಟ್ಟಿಕ್ಕುತ್ತಾ ಇಳಿಬಿದ್ದ ನೂಲಿನ ಲಡಿಗಳು. ಮಾವ ಬಾಗಿಲಿಗೆ ತಲೆ ತಾಗುವಷ್ಟು ಎತ್ತರದ ಆಳು. ಆದರೆ ಒಣಹಾಕಿದ ನೂಲಿನ ಮೇಲೆ ಕೋಳಿ ಬಂದು ಕೂತರೂ ‘ಹೋಗಮ್ಮ, ಆ ಕಡೆ ಹೋಗಮ್ಮ’ ಅಂತ ಬೇಡಿಕೊಳ್ಳುವವರು. ಹಾಗಾಗಿ ಕೋಳಿಗಳು ಹೋಗುತ್ತಲೇ ಇರಲಿಲ್ಲ.

ಅವರ ಉಗುರು ನೋಡಿ ಆ ವಾರ ಯಾವ ಬಣ್ಣದ ಸೀರೆಗೆ ಮಗ್ಗದಲ್ಲಿ ಹಾಸುನೂಲು ಹೂಡುತ್ತಾರೆಂದು ನಾವು ಹೇಳಿಬಿಡುತ್ತಿದ್ದೆವು. ಎಷ್ಟು ತಿಕ್ಕಿದರೂ ಆ ಉಗುರುಗಳು ಬೆಳ್ಳಗಾದದ್ದೇ ಇಲ್ಲ. ಮದುವೆಮನೆಯಲ್ಲಿ ಇಸ್ತ್ರಿ ಮಾಡಿದ ಶರಟು ಹಾಕಿ ಕೂತರೂ ಎಲೆಯ ಮೇಲಿನ ಬಿಳಿ ಅನ್ನದಲ್ಲಿ ನೀಲಿ ಉಗುರುಗಳು ಓಡಾಡುತ್ತಿದ್ದವು.

ನಾನಾಗ ಕಾನ್ವೆಂಟಿನಲ್ಲಿ ಆರನೇ ಕ್ಲಾಸು. ಮಾಕಳಿದುರ್ಗದ ಬೆಟ್ಟದ ಬುಡದಲ್ಲಿ ಯುದ್ಧದ ಸಿನಿಮಾ ತೆಗೆಯಲು ಬಂದಿದ್ದಾರೆಂದು ಊರೆಲ್ಲ ಸುದ್ದಿ. ಒಂದು ದಿನ ಅವರ ಕಡೆಯ ವ್ಯಾನು ನಮ್ಮ ಬೀದಿಗೇ ಬಂತು. ಶತ್ರುಸೇನೆಯ ಯೂನಿಫಾರ್ಮುಗಳು ನಮ್ಮ ಸೇನೆಯದರಂತೆಯೇ ಕಾಣುತ್ತವೆ, ಬಣ್ಣ ಬದಲಾಯಿಸಿ ಕೊಡಬೇಕು ಅಂತ ಮಾವನ ಹಿತ್ತಲಲ್ಲಿ ಗಂಟುಗಟ್ಟಲೆ ಇಳಿಸಿಹೋದರು. ಮಾವ ಕಪ್ಪಿಗೆ ತಿರುಗುವ ಹಸಿರಿನಲ್ಲಿ ಅಷ್ಟನ್ನೂ ಅದ್ದಿ ತೆಗೆದರು. ವಾರವೆಲ್ಲ ಅವರ ಗಳದ ಮೇಲೆ ಒಂದು ಸೈನ್ಯವೇ ನೇತಾಡುತ್ತಿತ್ತು.

ಒಣಗಿದ್ದನ್ನು ತಲುಪಿಸಲು ಹೋದವರು ಸಂಜೆಯಾದರೂ ಬರಲಿಲ್ಲ. ಶತ್ರು ಆಫೀಸರನ ಪಾತ್ರ ಮಾಡಬೇಕಾದವನಿಗೆ ಜ್ವರವಂತೆ. ಬಟ್ಟೆ ಹೊತ್ತು ನಿಂತ ಮಾವನ ಎತ್ತರ ನೋಡಿ ಡೈರೆಕ್ಟರು ‘ಇವರಿಗೇ ಹಾಕ್ರಿ’ ಅಂದರಂತೆ. ಮೀಸೆಯಿಲ್ಲದ ಮುಖಕ್ಕೆ ದಪ್ಪ ಮೀಸೆ ಅಂಟಿಸಿ, ಕೆನ್ನೆಗೆ ಗಾಯ ಬರೆದು, ಕಪ್ಪು ಕನ್ನಡಕ ಏರಿಸಿ, ಬಣ್ಣದ ಕೈ ಮುಚ್ಚಲು ಗ್ಲೌಸು ತೊಡಿಸಿದರು.

ಮದುವೆಗೆ ಮುಂಚಿನ ಆ ದಿನಗಳಲ್ಲಿ ಮನೆಯಲ್ಲಿ ಮಾವನಿದ್ದದ್ದು ತಾಯಿಯ ಜೊತೆ. ನಾವೆಲ್ಲ ಅಜ್ಜಿ ಅನ್ನುತ್ತಿದ್ದ ಆಕೆಗೆ ಮಗ ಹೇಳಿದ್ದು ಅರ್ಧವೇ.

“ಮಿಲ್ಟ್ರಿ ಆಫೀಸರ್ ಪಾರ್ಟು ಕಣವ್ವ.”

ಯಾವ ಕಡೆಯ ಮಿಲ್ಟ್ರಿ ಅಂತ ಅವರೂ ಹೇಳಲಿಲ್ಲ, ಆಕೆಯೂ ಕೇಳಲಿಲ್ಲ. ಅಂದಿನಿಂದ ಅಜ್ಜಿ ನಲ್ಲಿಯ ಹತ್ತಿರ ಬಿಂದಿಗೆ ಇಡುವಾಗಲೂ ಆಫೀಸರನ ತಾಯಿಯಂತೆಯೇ ಇಡುತ್ತಿದ್ದರು. ‘ಸ್ವಲ್ಪ ಜರುಗ್ರಮ್ಮಾ’ ಅನ್ನುವ ದನಿಯೇ ಬೇರೆಯಾಗಿತ್ತು.

ಸಿನಿಮಾ ನಮ್ಮೂರಿಗೆ ಬಂದ ದಿನ ಬೀದಿಯ ಹೆಂಗಸರೆಲ್ಲ ಮ್ಯಾಟಿನಿಗೆ ಹೊರಟರು. ನಾನು ಅಮ್ಮನಿಗೂ ಅಜ್ಜಿಗೂ ನಡುವೆ. ಮಾವ ಒಳಗೆ ಬರಲೇ ಇಲ್ಲ. ‘ಕಡ್ಲೆಕಾಯಿ ತಗೊಂಡ್ ಬರ್ತೀನಿ’ ಅಂತ ಹೊರಗಿನ ಗಾಡಿಯ ಹತ್ತಿರ ಉಳಿದವರು ಅಲ್ಲೇ ಉಳಿದರು.

ಕತೆ ಸರಳ. ಗಡಿಯ ಒಂದು ಹಳ್ಳಿ. ಶತ್ರು ಆಫೀಸರ್ ಬಂದು ಊರಿಗೆ ಊರನ್ನೇ ಸುಡುತ್ತಾನೆ. ರಜೆಗೆ ಬಂದ ಹೀರೋ, ಬೂದಿಯಲ್ಲಿ ತನ್ನವರನ್ನು ಹುಡುಕಿ, ಆಣೆ ಮಾಡಿ, ಬೆಟ್ಟ ಹತ್ತಿ ಆ ಆಫೀಸರನ ಬೆನ್ನು ಹತ್ತುತ್ತಾನೆ. ಅಜ್ಜಿ ಮೊದಲಿಂದಲೂ ನಮ್ಮ ಸೈನ್ಯದೊಳಗೇ ಮಗನನ್ನು ಹುಡುಕುತ್ತಿದ್ದರು.

“ಎಲ್ಲೇ ಅವ್ನು? ಇನ್ನೂ ಬಂದಿಲ್ವಾ?”

“ಬರ್ತಾರೆ ತಾಳಿ ಅತ್ತೆಮ್ಮ,” ಅಂದ ಅಮ್ಮ ನನ್ನ ತೊಡೆ ಚಿವುಟಿದರು. ನನಗೆ ಗೊತ್ತಾಗಿತ್ತು. ಆ ನಡಿಗೆ, ಬಾಗಿಲಲ್ಲಿ ತಲೆ ತಗ್ಗಿಸುವ ಆ ಅಭ್ಯಾಸ... ಆದರೆ ದನಿ ಬೇರೆ ಯಾರದೋ. ಅಂಥ ಗಡಸು ದನಿ ಮಾವನ ಗಂಟಲಿನಿಂದ ಬರಲು ಸಾಧ್ಯವೇ ಇರಲಿಲ್ಲ.

ಆಮೇಲೆ ಆ ದೃಶ್ಯ ಬಂತು. ಆಫೀಸರ್ ಪಂಜು ಹಿಡಿದು ಗುಡಿಸಲೊಳಗೆ ಬರುತ್ತಾನೆ. ಮೂಲೆಯಲ್ಲಿ ತೊಟ್ಟಿಲು. ತೂಗುತ್ತಿದೆ. ಅವನು ಬಗ್ಗಿ, ತೊಟ್ಟಿಲ ಮೇಲಿನ ಬಟ್ಟೆಯನ್ನು ಮೆಲ್ಲಗೆ ಎತ್ತಿ, ಒಳಗೆ ಒಂದು ಗಳಿಗೆ ನೋಡುತ್ತಾನೆ. ಬಟ್ಟೆಯನ್ನು ಹಾಗೇ ಇಳಿಸುತ್ತಾನೆ. ಆಮೇಲೆ ಬೆಂಕಿ ಇಡುತ್ತಾನೆ. ಅವನು ಕಿರುಚಾಡಿ ಬೆಂಕಿ ಹಚ್ಚಿದ್ದರೆ ಅಷ್ಟು ಘೋರವಾಗಿ ಕಾಣುತ್ತಿರಲಿಲ್ಲ.

ಅಜ್ಜಿ ಎದ್ದು ನಿಂತರು. ಎರಡೂ ಕೈಯನ್ನು ಪರದೆಯ ಕಡೆ ಚಾಚಿ ಬೆರಳು ಹೆಣೆದು ಲಟಲಟನೆ ನೆಟಿಗೆ ಮುರಿದರು.

“ನಿನ್ ಕೈ ಸೇದೋಗ! ಕೂಸಿನ್ ಮುಖ ನೋಡ್ಬಿಟ್ಟು ಬೆಂಕಿ ಇಡ್ತೀಯಲ್ಲೋ! ಬೆಂಕಿ ಇಟ್ಟ ಕೈ ಸೇದೋಗ!”

ಸುತ್ತಲಿನ ಹೆಂಗಸರೂ ಸೇರಿಕೊಂಡರು. ಅಮ್ಮ ಅಜ್ಜಿಯ ಸೆರಗು ಹಿಡಿದೆಳೆದು ಕೂರಿಸಿದರು. ಕೊನೆಗೆ ಹೀರೋ ಬೆಟ್ಟದ ತುದಿಯಲ್ಲಿ ಅವನನ್ನು ಹಿಡಿದಾಗ ‘ಬಿಡ್ಬೇಡ ಕಣಪ್ಪಾ, ನಮ್ಮಪ್ಪ ಅಲ್ವಾ, ಹೊಡಿ’ ಅಂತ ಅಜ್ಜಿಯೇ ಎಲ್ಲರಿಗಿಂತ ಜೋರು. ಗುಂಡು ಹಾರಿತು. ಶಿಳ್ಳೆ, ಚಪ್ಪಾಳೆ. ಕನ್ನಡಕ ಒಂದು ಕಡೆ, ಗ್ಲೌಸು ಒಂದು ಕಡೆ ಬಿದ್ದವು. ಆಫೀಸರನ ಕೈ ಪರದೆ ತುಂಬ ಬಂದು, ಮಣ್ಣನ್ನು ಒಂದು ಸಲ ಹಿಡಿದು, ಬಿಟ್ಟಿತು.

ಉಗುರುಗಳು ಕಡುಹಸಿರು. ಯೂನಿಫಾರ್ಮಿನದೇ ಬಣ್ಣ.

ಅಜ್ಜಿಯ ಚಪ್ಪಾಳೆ ನಿಂತಿತು. “ಲೇ... ಅದು ನಮ್ಮ ಹುಡುಗನ್ ಕೈ ಕಣೇ,” ಅಂದರು. ಆ ಗಲಾಟೆಯಲ್ಲಿ ನನಗೆ ಮಾತ್ರ ಕೇಳಿಸಿತು.

ಹೊರಗೆ ಬಂದಾಗ ಮಾವ ಕಡ್ಲೆಕಾಯಿ ಪೊಟ್ಟಣ ಹಿಡಿದು ತಪ್ಪು ಮಾಡಿದವರಂತೆ ನಿಂತಿದ್ದರು. ಅಜ್ಜಿ ಬೈಯಲಿಲ್ಲ. ಅವರ ಎರಡೂ ಕೈ ಎಳೆದುಕೊಂಡು ತಿರುಗಿಸಿ ತಿರುಗಿಸಿ ನೋಡಿದರು. ಮಾರನೇ ದಿನವೇ ಹಂಡೆಯ ಕುದಿನೀರು ಮಾವನ ಬಲಗೈ ಬೆರಳಿಗೆ ಸಿಡಿದು ಬೊಬ್ಬೆ ಎದ್ದಿತು. ಬಣ್ಣದ ಕೆಲಸದಲ್ಲಿ ಅದೇನು ದೊಡ್ಡ ವಿಷಯವಲ್ಲ. ಆದರೆ ಅಜ್ಜಿ ನಮ್ಮ ಮನೆ ಜಗಲಿಯ ಮೇಲೆ ಬಂದು ಕುಸಿದರು.

“ಹೆತ್ತವಳ ಬಾಯಿಂದ ಬಂದ ಮಾತು ಕಣೇ. ತಟ್ದೆ ಇರುತ್ತಾ? ಆ ಕೈ ಇಲ್ದಿದ್ರೆ ಅವನು ಏನ್ ಮಾಡ್ತಾನೆ? ಅಲ್ಲೇ ಹೋಗಿ, ಅದೇ ಜಾಗದಲ್ಲಿ ಕೂತು, ಶಾಪ ವಾಪಸ್ ತಗೋಬೇಕು.”

“ಸಿನಿಮಾ ಅತ್ತೆಮ್ಮ ಅದು, ಸುಳ್ಳು,” ಅಂದರು ಅಮ್ಮ.

“ಸಿನಿಮಾ ಸುಳ್ಳು. ನಾನು ಹಾಕಿದ್ ಶಾಪ ಸುಳ್ಳಾ?”

ಅಮ್ಮ ಒಳಗೆ ಹೋಗಿ ಟಿಕೆಟ್ಟಿಗೆ ಚಿಲ್ಲರೆ ಎಣಿಸತೊಡಗಿದರು.

ಅಜ್ಜಿಯ ಲೆಕ್ಕ ಹೀಗಿತ್ತು. ತೊಟ್ಟಿಲ ದೃಶ್ಯವನ್ನು ಶಾಪ ಹಾಕದೆ ದಾಟಬೇಕು, ಆಮೇಲೆ ಅವನು ಸಾಯುವ ಹೊತ್ತಿಗೆ ‘ನೂರು ಕಾಲ ಬಾಳು’ ಅನ್ನಬೇಕು. ಮತ್ತೆ ಮ್ಯಾಟಿನಿಗೆ ಹೋದೆವು. ಪರದೆಯ ಮೇಲೆ ಮಗನೇ ಎಂದು ಈಗ ಗೊತ್ತು. ತುಟಿ ಕಚ್ಚಿ, ಕೈಗಳನ್ನು ತೊಡೆಯ ಕೆಳಗೆ ಇಟ್ಟುಕೊಂಡು ಕೂತಿದ್ದರು. ಆದರೆ ಅವನು ಬಗ್ಗಿ ಬಟ್ಟೆ ಎತ್ತಿ ಒಳಗೆ ನೋಡಿದನೋ ಇಲ್ಲವೋ, ಕೈಗಳು ತಾವಾಗಿಯೇ ಹೊರಗೆ ಬಂದುಬಿಟ್ಟವು. ನೆಟಿಗೆ ಲಟಲಟ! ಮುರಿದ ಮೇಲೆ ತಮ್ಮ ಬಾಯಿಗೆ ತಾವೇ ಹೊಡೆದುಕೊಂಡರು. ಇನ್ನೊಂದು ದಿನ ಹೋದಾಗಲೂ ಅದೇ ಆಯಿತು. ವಾಪಸ್ ತೆಗೆದುಕೊಳ್ಳಲು ಹೋಗಿ ಶಾಪ ಬೆಳೆಯುತ್ತಾ ಹೋಯಿತು.

“ಅವನನ್ನ ಹೊಡೀಲೇಬೇಕು ಕಣೇ,” ಅಂತ ದಾರಿಯಲ್ಲಿ ಅಮ್ಮನ ಹತ್ತಿರ ಅತ್ತರು. “ಕೂಸು ಸುಟ್ಟೋನ್ನ ಸುಮ್ನೆ ಬಿಡಕ್ಕಾಗುತ್ತಾ? ಆದ್ರೆ ನನ್ ಮಗನ್ನ ಹೊಡೀಬಾರ್ದು. ಏನ್ ಮಾಡ್ಲಿ ಹೇಳು.”

ಈ ವಿಷಯವನ್ನು ನಾನು ಮಾರಲ್ ಸೈನ್ಸ್ ಹೇಳಿಕೊಡುವ ಸಿಸ್ಟರಿಗೆ ಹೇಳಿದೆ. ಆ ವಾರವಷ್ಟೇ ಅವರು ಶತ್ರುಗಳನ್ನು ಕ್ಷಮಿಸುವ ಪಾಠ ಮಾಡಿದ್ದರು. ಎಲ್ಲವನ್ನೂ ಗಂಭೀರವಾಗಿ ಕೇಳಿ, ತಲೆ ಸವರಿ, ಅಜ್ಜಿಗಾಗಿ ಪ್ರಾರ್ಥಿಸುತ್ತೇನೆ ಅಂದರು. ನಾನು ಬಾಗಿಲವರೆಗೆ ಹೋದಮೇಲೆ ಮತ್ತೆ ಕರೆದು, ದನಿ ತಗ್ಗಿಸಿ, “ಕೊನೆಗೆ ಆ ಆಫೀಸರನ್ನ ಹೇಗೆ ಕೊಂದ?” ಅಂತ ಕೇಳಿದರು. ನಾನು ಬೆಟ್ಟದ ತುದಿಯಿಂದ ಶುರುಮಾಡಿ ಪೂರ್ತಿ ಹೇಳಿದೆ. ಸಿಸ್ಟರ್ ಶಿಲುಬೆ ಹಿಡಿದುಕೊಂಡು ‘ಗುಡ್, ಗುಡ್’ ಅಂದರು...

ಗುರುವಾರ ಕೊನೆಯ ದಿನ. ಶುಕ್ರವಾರ ಸಿನಿಮಾ ಬದಲಾಗುತ್ತದೆ. ಅಜ್ಜಿ ಊಟ ಬಿಟ್ಟಿದ್ದರು. ಕೊನೆಗೆ ಮಾವನೇ, “ನಡೀರಿ, ನಾನೂ ಬರ್ತೀನಿ,” ಅಂತ ಎದ್ದರು. ಅಷ್ಟು ದಿನ ಅವರು ತಾವು ಪಾರ್ಟು ಮಾಡಿದ ಸಿನಿಮಾವನ್ನು ನೋಡಿಯೇ ಇರಲಿಲ್ಲ. ತಾಯಿಯ ಪಕ್ಕ ಕೂತು, ಬೊಬ್ಬೆಯ ಬೆರಳು ಬಿಟ್ಟು ಉಳಿದ ಬೆರಳುಗಳಿಂದ ಆಕೆಯ ಎರಡೂ ಕೈ ಹಿಡಿದುಕೊಂಡರು. ಜನರಿಗೆ ಗುರುತು ಸಿಗದಿರಲಿ ಎಂದು ತಲೆಗೆ ಟವಲು.

ಗುಡಿಸಲು ಬಂತು. ತೊಟ್ಟಿಲು ಬಂತು. ಪರದೆಯ ಮೇಲಿನ ಆಫೀಸರ್ ಬಗ್ಗಿದ, ಬಟ್ಟೆ ಎತ್ತಿದ. ಅಜ್ಜಿ ಕೈ ಬಿಡಿಸಿಕೊಳ್ಳಲು ಎಳೆದದ್ದು ನನಗೂ ಕಂಡಿತು. ಆಗ ಮಾವ ಇದ್ದಕ್ಕಿದ್ದಂತೆ,

“ಅಯ್ಯಯ್ಯೋ! ಇದನ್ನೂ ಇಟ್ಬಿಟ್ಟವ್ರೆ!” ಅಂದರು.

“ಏನ್ಲಾ?”

“ಅವ್ವ, ಇದು ಪಾರ್ಟಲ್ಲ ಕಣವ್ವ! ಬರೀ ಬೆಂಕಿ ಇಡು ಅಂದಿದ್ರು. ನಂಗೆ ಭಯ. ಯಾರಾದ್ರೂ ನಿಜ್ವಾಗ್ಲೂ ಕೂಸು ಮಲಗ್ಸಿದ್ರೆ? ಅಲ್ಲಿ ಆಕ್ಟಿಂಗಿಗೆ ಬಂದ ಹೆಂಗಸ್ರ ಮಕ್ಳು ಎಲ್ಲೆಲ್ಲೋ ಓಡಾಡ್ತಿದ್ವು. ಅದಕ್ಕೆ ಎತ್ತಿ ನೋಡ್ದೆ. ಖಾಲಿ ಇತ್ತು. ಆಮೇಲೆ ಹಚ್ಚಿದ್ದು.”

ಅಜ್ಜಿ ಪರದೆ ಬಿಟ್ಟು ಮಗನ ಕಡೆ ತಿರುಗಿದರು. ಗುಡಿಸಲು ಉರಿಯುವ ಬೆಳಕು ಅವರ ಮುಖದ ಮೇಲೆ ಕುಣಿಯುತ್ತಿತ್ತು.

“ಕೂಸು ಇದ್ಯೋ ಇಲ್ವೋ ಅಂತ ನೋಡಿದ್ದಾ?”

“ಇನ್ನೇನ್ ಮತ್ತೆ!”

ಅಜ್ಜಿಗೆ ನಗು ಬಂತು. ಮೊದಲು ಸೆರಗು ಬಾಯಿಗೆ ಒತ್ತಿಕೊಂಡು, ಆಮೇಲೆ ತಡೆಯಲಾರದೆ. ಊರಿಗೆ ಊರೇ ಉರಿಯುತ್ತಿರುವಾಗ, ಟಾಕೀಸೆಲ್ಲ ಮೂಗೊರೆಸಿಕೊಳ್ಳುತ್ತಿರುವಾಗ, ನಮ್ಮ ಬೆಂಚೊಂದೇ ಬಿದ್ದು ಬಿದ್ದು ನಗುತ್ತಿತ್ತು. ಮುಂದಿನ ಸಾಲಿನ ಹೆಂಗಸು ತಿರುಗಿ, “ನಿಮ್ಗೇನ್ರೀ ಕಲ್ಲೆದೇನಾ?” ಅಂದಳು. “ನಿಂಗೊತ್ತಿಲ್ಲ ಸುಮ್ನಿರಮ್ಮ,” ಅಂದರು ಅಜ್ಜಿ, ಕಣ್ಣೀರು ಒರೆಸಿಕೊಳ್ಳುತ್ತಾ.

ಬೆಟ್ಟದ ತುದಿಯಲ್ಲಿ ಗುಂಡು ಹಾರಿದಾಗ ಎಲ್ಲರೂ ಎಂದಿನಂತೆ ಶಿಳ್ಳೆ ಹೊಡೆದರು. ಅಜ್ಜಿ ಮಗನ ತಲೆಯ ಟವಲು ಸರಿಸಿ, ಎರಡೂ ಅಂಗೈಯನ್ನು ಅವನ ಕೆನ್ನೆಯ ಮೇಲಿಂದ ಇಳಿಸಿ ತಂದು, ತಮ್ಮ ಹಣೆಯ ಎರಡೂ ಪಕ್ಕಕ್ಕೆ ಒತ್ತಿ ನೆಟಿಗೆ ಮುರಿದರು. “ನೂರು ಕಾಲ ಬಾಳು ನನ್ನಪ್ಪ,” ಅಂದರು. ಅಷ್ಟೊಂದು ಬೆರಳು ಒಟ್ಟಿಗೆ ಲಟಲಟ ಅಂದದ್ದನ್ನು ನಾನು ಮತ್ತೆಂದೂ ಕೇಳಿಲ್ಲ.

ಬೊಬ್ಬೆ ಒಣಗಿತು. ಮಾವ ಬೀದಿಯ ಅಧಿಕೃತ ಖಳನಾಯಕರಾದರು. ಸಂಜೆ ಸ್ಕೂಲು ಬಿಟ್ಟು ಬಂದರೆ ಸಾಕು, ಮಕ್ಕಳೆಲ್ಲ ಕೋಲು ಹಿಡಿದು ಅವರ ಹಿತ್ತಲಿಗೆ ನುಗ್ಗುತ್ತಿದ್ದೆವು. ‘ಮಾವ, ಸಾಯಿ!’ ಅವರು ಲಡಿ ಕೆಳಗಿಟ್ಟು, ಎದೆ ಹಿಡಿದು, ಮೂರು ಸುತ್ತು ತೂರಾಡಿ, ನೂಲಿಗೆ ತಾಗದಂತೆ ಜಾಗ ನೋಡಿಕೊಂಡು ಬೀಳುತ್ತಿದ್ದರು. ಒಳಗಿನಿಂದ ಅಜ್ಜಿ ಕೂಗುತ್ತಿದ್ದರು: “ದೀಪ ಹಚ್ಚೋ ಹೊತ್ತಲ್ಲಿ ಸಾಯ್ಬೇಡ್ವೋ! ಬೇಗ ಸತ್ತು ಬಂದು ಕಾಫಿ ಕುಡಿ!”

ಅಜ್ಜಿ ಹೋಗಿ ಬಹಳ ವರ್ಷವಾಯಿತು. ಮಾವ ಹೋದ ವರ್ಷ ಹೋದರು. ಅಮ್ಮ ಫೋನಿನಲ್ಲಿ ಹೇಳಿದಾಗ ಮಗಳ ಪರೀಕ್ಷೆ ಅಂತ ನಾನು ಹೊರಡಲಿಲ್ಲ. ಆಮೇಲೆ ಹೋದರಾಯಿತು ಅಂದುಕೊಂಡೆ, ಹಾಗೇ ಆಗಿಬಿಟ್ಟಿತು... ಮೊನ್ನೆ ಆ ಹಬೆ ಮುಖಕ್ಕೆ ಬಡಿದ ಮೇಲೆ ಮನಸ್ಸು ತಡೆಯಲಿಲ್ಲ. ಭಾನುವಾರ ಯಜಮಾನರ ಜೊತೆ ಹೋಗಿಬಂದೆ. ಅವರು ಬೇರೆ ಊರಿನವರು, ಮಾವನನ್ನು ಕಂಡವರಲ್ಲ. ಹಿತ್ತಲಲ್ಲಿ ಈಗ ಹಂಡೆಗಳಿಲ್ಲ, ಸ್ಕೂಟರ್ ನಿಲ್ಲಿಸುತ್ತಾರೆ. ಮಾತಾಡಿಸಬೇಕಿದ್ದವರಿಲ್ಲದ ಮನೆಯಲ್ಲಿ ಎಲ್ಲಿ ಕೂರಬೇಕೆಂದು ತಿಳಿಯದೆ ನಿಂತೇ ಇದ್ದೆ.

ನಡುಮನೆಯ ಗೋಡೆಯ ಮೇಲೆ ಮಾವನ ಫೋಟೋ, ಅದಕ್ಕೆ ಗಂಧದ ಹಾರ. ಬೇರೆ ಯಾವ ಫೋಟೋದಲ್ಲೂ ಅವರು ನೆಟ್ಟಗೆ ಸಿಕ್ಕಿರಲಿಲ್ಲವಂತೆ, ಎಲ್ಲದರಲ್ಲೂ ಯಾರದೋ ಬೆನ್ನ ಹಿಂದೆ. ಇದೊಂದರಲ್ಲಿ ಮಾತ್ರ ಎದೆ ಸೆಟೆಸಿ ನಿಂತಿದ್ದರು. ಕಡುಹಸಿರು ಯೂನಿಫಾರ್ಮು, ಭುಜದ ಮೇಲೆ ನಕ್ಷತ್ರ, ಕಂಕುಳಲ್ಲಿ ಟೋಪಿ.

ನಮ್ಮವರು ಫೋಟೋ ಮುಂದೆ ಕೈಮುಗಿದು, ಗೌರವದಿಂದ ಕೇಳಿದರು: “ಮಿಲ್ಟ್ರೀಲಿದ್ರಾ?”

ಕಾಫಿ ಲೋಟ ಹಿಡಿದು ಬಂದ ಮಾವನ ಸೊಸೆ ಒಂದು ಗಳಿಗೆ ನನ್ನ ಮುಖ ನೋಡಿದಳು.

“ಹೂಂ ಸಾರ್,” ಅಂದಳು. “ಆದ್ರೆ ನಮ್ ಕಡೆ ಅಲ್ಲ.”